ಸಿಯಮ್ ರೀಪ್‌ನಿಂದ ಕೋಹ್ ಕೇರ್, ಬೆಂಗ್ ಮಿಯಾಲಿಯಾಗೆ ಒಂದು ದಿನ ಕೊಡಬಹುದೇ? ಗೈಡ್ ಬೇಕೇ?

ಕಾಂಬೋಡಿಯಾದ ಸಿಯಮ್ ರೀಪ್‌ನಲ್ಲಿ ನಾಲ್ಕು ದಿನ ಇರುತ್ತೀರಿ, ಅಂಗ್ಕೋರ್‌ನ ದೇವಾಲಯಗಳಿಗೆ ಮೂರು ದಿನದ ಪಾಸ್ ತೆಗೆದುಕೊಳ್ಳುತ್ತೀರಿ, ಉಳಿದ ಒಂದು ದಿನವನ್ನು ಕೋಹ್ ಕೇರ್, ಬೆಂಗ್ ಮಿಯಾಲಿಯಾ ಎಂಬ ಕಾಡಿನೊಳಗಿನ ದೂರದ ದೇವಾಲಯಗಳಿಗೆ ಕೊಟ್ಟರೆ ಸಾರ್ಥಕವೇ ಎಂದು ಕೇಳಿದ್ದೀರಿ. ಜೊತೆಗೆ ಅರವತ್ತೆಂಟು ವರ್ಷದ ತಾಯಿಯವರು ಇದ್ದಾರೆ. "ರಾಮಾಯಣ, ಮಹಾಭಾರತ ನಮಗೆ ಗೊತ್ತೇ ಇದೆಯಲ್ಲ, ಗೈಡ್‌ಗೆ ದುಡ್ಡು ಏಕೆ ಸುರಿಯಬೇಕು?" ಎಂಬ ಸಾಲೂ ನಿಮ್ಮ ಪ್ರಶ್ನೆಯಲ್ಲಿದೆ. ನಾನು ಉತ್ತರ ಬರೆಯಲು ಕುಳಿತದ್ದು ಆ ಕೊನೆಯ ಸಾಲಿಗಾಗಿ.

ದಿನ ಕೊಡಿ. ಗೈಡ್‌ನನ್ನೂ ಕರೆದುಕೊಂಡು ಹೋಗಿ. ಆದರೆ ಕಥೆ ಕೇಳುವುದಕ್ಕಲ್ಲ. ಕೋಹ್ ಕೇರ್‌ನಲ್ಲಿ ಇರುವುದನ್ನು ನೀವೇ ನೋಡಿಕೊಳ್ಳಬಲ್ಲಿರಿ. ಇಲ್ಲದಿರುವುದನ್ನು ತೋರಿಸಲು ಒಬ್ಬರು ಬೇಕು.

ನಾವು ಹೋದದ್ದು 2024ರ ಜನವರಿಯಲ್ಲಿ. ನಾನು, ನಮ್ಮ ಯಜಮಾನರು, ಅರವತ್ತಾರು ವರ್ಷದ ನನ್ನ ಅತ್ತೆ. ಮೊದಲು ಹೋಟೆಲಿನಲ್ಲೇ ಹನ್ನೆರಡು ಜನರ ವ್ಯಾನ್ ಪ್ರವಾಸಕ್ಕೆ ಹಣ ಕಟ್ಟಿಬಿಟ್ಟೆವು. ಆಮೇಲೆ ವೇಳಾಪಟ್ಟಿ ನೋಡಿದರೆ ಬೆಳಗಿನ ತಂಪಿನಲ್ಲಿ ಬೆಂಗ್ ಮಿಯಾಲಿಯಾ, ನೆತ್ತಿ ಸುಡುವ ಮಧ್ಯಾಹ್ನ ಹನ್ನೆರಡೂವರೆಗೆ ಕೋಹ್ ಕೇರ್‌ನ ಪಿರಮಿಡ್! ನಡುವೆ ಯಾವುದೋ ರೇಷ್ಮೆ ಅಂಗಡಿ ಬೇರೆ. ರದ್ದು ಮಾಡಿದೆವು, ಅರ್ಧ ಹಣ ಮರಳಿ ಬಂತು, ಇನ್ನರ್ಧಕ್ಕೆ ಪಾಠ ಕಲಿತೆವು. ಪರವಾನಗಿ ಇರುವ ಗೈಡ್ ಒಬ್ಬರನ್ನೂ ಒಂದು ಕಾರನ್ನೂ ಬೇರೆಯಾಗಿ ಗೊತ್ತು ಮಾಡಿಕೊಂಡು ಕ್ರಮವನ್ನು ತಿರುಗಿಸಿದೆವು. ಬೆಳಿಗ್ಗೆ ಆರಕ್ಕೆ ಹೊರಟು ಮೊದಲು ಕೋಹ್ ಕೇರ್, ವಾಪಸು ಬರುವಾಗ ಬೆಂಗ್ ಮಿಯಾಲಿಯಾ. ಬೆಂಗ್ ಮಿಯಾಲಿಯಾದಲ್ಲಿ ಮರಗಳ ನೆರಳಿದೆ, ಮಧ್ಯಾಹ್ನವನ್ನು ಅಲ್ಲಿ ಕಳೆಯಬಹುದು. ಪಿರಮಿಡ್‌ನ ಮೇಲೆ ನೆರಳೆಂಬುದೇ ಇಲ್ಲ.

ಕೋಹ್ ಕೇರ್ ಸಿಯಮ್ ರೀಪ್‌ನಿಂದ ಈಶಾನ್ಯಕ್ಕೆ ಸುಮಾರು 120 ಕಿಲೋಮೀಟರ್. ರಸ್ತೆ ಚೆನ್ನಾಗಿದೆ, ಎರಡೂವರೆ ಗಂಟೆ ಹಿಡಿಯಿತು. ಇದರ ಹಳೆಯ ಹೆಸರುಗಳಲ್ಲಿ ಒಂದು ಲಿಂಗಪುರ. ಖ್ಮೇರ್ ದೊರೆ ನಾಲ್ಕನೆಯ ಜಯವರ್ಮ ಅಂಗ್ಕೋರ್ ಬಿಟ್ಟು ಇಲ್ಲಿಂದ ಆಳಿದ. 928ರಿಂದ 944ರವರೆಗೆ, ಅವನ ಮಗನ ಕಾಲವೂ ಸೇರಿ, ಖ್ಮೇರ್ ರಾಜ್ಯದ ರಾಜಧಾನಿ ಇದೇ. ಬರೀ ಹದಿನಾರು ವರ್ಷ. ಅಷ್ಟರಲ್ಲಿ ಈ ಒಣ ಕಾಡಿನಲ್ಲಿ ಹತ್ತಾರು ಗುಡಿಗಳು, ಒಂದು ದೊಡ್ಡ ಕೆರೆ, ಏಳು ಹಂತದ ಪಿರಮಿಡ್. ಪಂಪಭಾರತದ ವರ್ಷವೆಂದು ನಾವು ಶಾಲೆಯಲ್ಲಿ ಬಾಯಿಪಾಠ ಮಾಡಿದ 941ರಲ್ಲೇ ಈ ಜಯವರ್ಮ ತೀರಿಕೊಂಡ. ಕಾರಿನಲ್ಲಿ ಅದನ್ನು ಹೇಳಿದಾಗ ನಮ್ಮ ಯಜಮಾನರು "ಹೌದಾ?" ಎಂದು ಕಣ್ಣು ಮುಚ್ಚಿದರು. ಹೊಳೆದದ್ದು ನನಗೊಬ್ಬಳಿಗೇ ಇರಬೇಕು.

ಇನ್ನೊಂದು ನಂಟೂ ಇದೆ. 2023ರ ಸೆಪ್ಟೆಂಬರ್‌ನಲ್ಲಿ ರಿಯಾದ್‌ನಲ್ಲಿ ನಡೆದ ಯುನೆಸ್ಕೋ ಸಭೆಯಲ್ಲಿ ನಮ್ಮ ಬೇಲೂರು, ಹಳೇಬೀಡು, ಸೋಮನಾಥಪುರಗಳು ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವಲ್ಲ, ಕೋಹ್ ಕೇರ್ ಸೇರಿದ್ದೂ ಅದೇ ಸಭೆಯಲ್ಲಿ.

ಪ್ರವೇಶ ದಾಟಿದ ಕೂಡಲೇ ಮೊದಲು ಸಿಗುವುದು ಪ್ರಾಸಾತ್ ಪ್ರಾಮ್. 'ಪ್ರಾಸಾತ್' ಎಂದರೆ ನಮ್ಮ ಪ್ರಾಸಾದವೇ. 'ಪ್ರಾಮ್' ಎಂದರೆ ಐದು. ಇಟ್ಟಿಗೆಯ ಗೋಪುರವನ್ನು ಮರದ ಬೇರುಗಳು ಮುಷ್ಟಿಯಲ್ಲಿ ಹಿಡಿದಂತೆ ಬಿಗಿದಿವೆ. ಫೋಟೋ ತೆಗೆಯುವವರೆಲ್ಲ ಇಲ್ಲೇ ಅರ್ಧ ಗಂಟೆ ಕಳೆಯುತ್ತಾರೆ. ನೀವು ಹತ್ತು ನಿಮಿಷದಲ್ಲಿ ಮುಗಿಸಿ ಮುಂದೆ ಹೋಗಿ.

ಏಕೆಂದರೆ ಲಿಂಗದ ಗುಡಿಗಳ ಹತ್ತಿರ ನಿಲ್ಲಬೇಕು. ವ್ಯಾನಿನವರು ಇಲ್ಲಿ ಇಳಿಯುವುದೇ ಇಲ್ಲ. ಚಾವಣಿ ಬಿದ್ದ ಒಂದು ಗೋಪುರ, ಒಳಗೆ ಆಳೆತ್ತರದ ಲಿಂಗ, ದೊಡ್ಡ ಪಾಣಿಪೀಠದ ಮೇಲೆ, ಇಟ್ಟಲ್ಲೇ ಇದೆ. ಗೈಡ್ ಬಾಟಲಿಯಿಂದ ಅಂಗೈಯಷ್ಟು ನೀರನ್ನು ಪೀಠದ ಮೇಲೆ ಬಿಟ್ಟರು. ಅದು ಗೀರಿನಲ್ಲಿ ಹರಿದು ಮೂತಿಯ ತುದಿಯಲ್ಲಿ ಹನಿಯಾಗಿ ನಿಂತು ಕೆಳಗೆ ಬಿತ್ತು. ಸಾವಿರ ವರ್ಷದ ಕಲ್ಲಿನ ಓಟ ಇನ್ನೂ ಸರಿಯಾಗಿದೆ. "ಈ ನೀರು ಹೊರಹೋಗುವ ದಾರಿಗೆ ಸೋಮಸೂತ್ರ ಎನ್ನುತ್ತಾರೆ" ಎಂದರು ಗೈಡ್. ಅಷ್ಟರಲ್ಲಿ ಅತ್ತೆ ಹೊರಗೆ ಪ್ರದಕ್ಷಿಣೆ ಹೊರಟಾಗಿತ್ತು. ಗೋಡೆಯಲ್ಲಿ ನೀರು ಹೊರಬೀಳುವ ಜಾಗದವರೆಗೆ ಹೋದವರು ಅದನ್ನು ದಾಟದೆ ಹಾಗೇ ಬಂದ ದಾರಿಯಲ್ಲಿ ಹಿಂದಿರುಗಿದರು. ಅವರಿಗೆ ದಾರಿ ಸಿಗಲಿಲ್ಲವೆಂದು ತಿಳಿದು ಗೈಡ್ ಸಹಾಯಕ್ಕೆ ಓಡಿದರು. ಶಿವನ ಗುಡಿಯಲ್ಲಿ ಸೋಮಸೂತ್ರ ದಾಟಬಾರದು, ಅರ್ಧ ಸುತ್ತಿ ತಿರುಗಬೇಕು ಎಂದು ನಾನು ಅನುವಾದಿಸಿ ಹೇಳಿದೆ. ಆ ಮನುಷ್ಯ ಹದಿನೈದು ವರ್ಷದಿಂದ ಈ ಶಬ್ದವನ್ನು ಪ್ರವಾಸಿಗರಿಗೆ ಹೇಳುತ್ತಿದ್ದಾರಂತೆ, ಅದರಂತೆ ನಡೆದುಕೊಳ್ಳುವವರನ್ನು ನೋಡಿದ್ದು ಅದೇ ಮೊದಲು. ಕಿಸೆಯಿಂದ ಸಣ್ಣ ಪುಸ್ತಕ ತೆಗೆದು ಬರೆದುಕೊಂಡರು. ಆಮೇಲೆ ದಿನವಿಡೀ ಅವರ ಪ್ರಶ್ನೆಗಳೆಲ್ಲ ಅತ್ತೆಗೇ.

ಅಲ್ಲಿಯೇ ಅವರು ಗಂಭೀರವಾಗಿ ಹೇಳಿದ್ದು ಇನ್ನೊಂದು ಮಾತು: ತುಳಿದು ಸವೆದ ದಾರಿ ಬಿಡಬೇಡಿ, ಮೂತ್ರಕ್ಕೆಂದು ಮರದ ಮರೆಗೂ ಹೋಗಬೇಡಿ. ಯುದ್ಧದ ಕಾಲದ ನೆಲಬಾಂಬ್‌ಗಳನ್ನು ಗುಡಿಗಳ ಸುತ್ತ ತೆಗೆದಿದ್ದಾರೆ, ಆದರೆ ಕಾಡೆಲ್ಲವನ್ನೂ ಸೋಸಿದ್ದಾರೆ ಎಂದುಕೊಳ್ಳಬೇಡಿ. ಮಕ್ಕಳು ಜೊತೆಗಿದ್ದರೆ ಇದನ್ನು ಕಾರಿನಲ್ಲೇ ಹೇಳಿ ಇಳಿಸಿ.

ಇನ್ನು ಪ್ರಾಸಾತ್ ಚೆನ್. ಯಾವ ಜಾಹೀರಾತಿನಲ್ಲೂ ಇದರ ಚಿತ್ರ ಇರುವುದಿಲ್ಲ, ನೋಡಲು ಅಲ್ಲಿ ಹೆಚ್ಚೇನೂ ಇಲ್ಲ. ನಮ್ಮ ಕರಾವಳಿಯ ಮುರಕಲ್ಲಿನಂಥದ್ದೇ ಕಲ್ಲಿನ ಮುರಿದ ಗೋಪುರಗಳು, ಒಣ ಎಲೆ, ಇರುವೆ. ಅಲ್ಲೊಂದು ಕಲ್ಲಿನ ಮೇಲೆ ಕೂರಿಸಿ ಗೈಡ್ ಚೀಲದಿಂದ ಪ್ಲಾಸ್ಟಿಕ್ ಹೊದಿಸಿದ ಫೋಟೋಗಳನ್ನು ತೆಗೆದರು. ಮೊದಲನೆಯದರಲ್ಲಿ ಕಲ್ಲಿನ ಪೀಠ, ಅದರ ಮೇಲೆ ಎರಡು ಪಾದ. ಪಾದ ಮಾತ್ರ. ಕಣಕಾಲಿನಿಂದ ಮೇಲೆ ಏನೂ ಇಲ್ಲ.

ಪಶ್ಚಿಮದ ಗೋಪುರದೊಳಗೆ ಭೀಮ ದುರ್ಯೋಧನರ ಗದಾಯುದ್ಧವನ್ನು ಆಳೆತ್ತರದ ಬಿಡಿ ಮೂರ್ತಿಗಳಲ್ಲಿ ನಿಲ್ಲಿಸಿದ್ದರು. ಗೋಡೆಯ ಮೇಲಿನ ಉಬ್ಬುಶಿಲ್ಪವಲ್ಲ, ಸುತ್ತಿ ನೋಡಬಹುದಾದ ಮೂರ್ತಿಗಳು: ಎದುರುಬದುರು ಇಬ್ಬರು, ಸುತ್ತ ಕುಳಿತು ನೋಡುವ ಪಾಂಡವರು, ಬಲರಾಮ. ಬಯಲಾಟದ ರಂಗಸ್ಥಳವನ್ನೇ ಕಲ್ಲಾಗಿಸಿದಂತೆ. ರನ್ನ ತನ್ನ ಗದಾಯುದ್ಧ ಬರೆಯುವ ಹೊತ್ತಿಗೆ ಇದು ನಿಂತು ದಶಕಗಳೇ ಕಳೆದಿದ್ದವು. 1970ರ ದಶಕದ ಆರಂಭದಲ್ಲಿ, ಅಂತರ್ಯುದ್ಧದ ಗದ್ದಲದಲ್ಲಿ, ಕಳ್ಳರು ಬಂದು ಮೂರ್ತಿಗಳನ್ನು ಕಣಕಾಲಿನಲ್ಲಿ ಕಡಿದು ಹೊತ್ತೊಯ್ದರು. ಪಾದಗಳು ಪೀಠದಲ್ಲೇ ಉಳಿದವು. ದುರ್ಯೋಧನ ನ್ಯೂಯಾರ್ಕ್‌ನ ಹರಾಜಿಗೆ 2011ರಲ್ಲಿ ಬಂದಾಗ ಈ ಪಾದಗಳೇ ಸಾಕ್ಷಿ ಹೇಳಿದವು. ಹರಾಜು ನಿಂತಿತು, ನ್ಯಾಯಾಲಯದ ಕಟ್ಲೆ ನಡೆಯಿತು, 2014ರಲ್ಲಿ ಮೂರ್ತಿ ಊರಿಗೆ ಮರಳಿತು. ಕ್ಯಾಲಿಫೋರ್ನಿಯಾದ ಮ್ಯೂಸಿಯಂ ಒಂದರಲ್ಲಿದ್ದ ಭೀಮನೂ ಅದೇ ವರ್ಷ ಬಂದ. ನ್ಯೂಯಾರ್ಕ್‌ನ ಇನ್ನೊಂದು ಮ್ಯೂಸಿಯಂ ಇಲ್ಲಿಂದ ಹೋಗಿದ್ದ ಎರಡು ಮೂರ್ತಿಗಳನ್ನು 2013ರಲ್ಲೇ ಹಿಂದಿರುಗಿಸಿತ್ತು.

ಎರಡನೆಯ ಫೋಟೋದಲ್ಲಿ ದುರ್ಯೋಧನ ಇದ್ದ. ನೆಗೆಯುವುದಕ್ಕೆ ಮೈ ಕುಗ್ಗಿಸಿದ ಭಂಗಿ. ಅತ್ತೆ ಕನ್ನಡಕ ಏರಿಸಿ ಬಹಳ ಹೊತ್ತು ನೋಡಿ, "ಭೀಮ ತೊಡೆಗೆ ಹೊಡೆಯುವ ಮೊದಲೇ ಕಳ್ಳರು ಕಾಲಿಗೆ ಹೊಡೆದರಲ್ಲ" ಎಂದರು.

ಈಗ ಹೇಳಿ, ಮಹಾಭಾರತ ಗೊತ್ತಿದ್ದ ಮಾತ್ರಕ್ಕೆ ಆ ಖಾಲಿ ಗೋಪುರದಲ್ಲಿ ನಿಮಗೆ ಏನು ಕಾಣುತ್ತಿತ್ತು? ಗೈಡ್ ಇಲ್ಲದೆ ನಾವೇ ಹೋಗಿದ್ದರೆ ಕಾರಿನಿಂದ ಇಳಿಯುತ್ತಲೂ ಇರಲಿಲ್ಲ.

ಪಿರಮಿಡ್ ಬಗ್ಗೆ. ಹೆಸರು ಪ್ರಾಸಾತ್ ಥೋಮ್, ಎಂದರೆ ದೊಡ್ಡ ಗುಡಿ. ಕೆಂಪು ಇಟ್ಟಿಗೆಯ ಗೋಪುರ, ಬಿದ್ದ ಕಂಬಗಳು, ಪ್ರಾಕಾರಗಳನ್ನೆಲ್ಲ ದಾಟಿ ಹಿಂದಿನ ಬಯಲಿಗೆ ಬಂದರೆ ಎದುರಿಗೆ ಒಮ್ಮೆಲೇ ಸುಮಾರು 36 ಮೀಟರ್ ಎತ್ತರಕ್ಕೆ ನಿಂತಿರುತ್ತದೆ. ತುದಿಯಲ್ಲಿ ತ್ರಿಭುವನೇಶ್ವರನೆಂಬ ಮಹಾಲಿಂಗ ಇತ್ತೆಂದು ಶಾಸನಗಳಿಂದ ತಿಳಿಯುತ್ತದೆ. ಈಗ ಅಲ್ಲಿ ಲಿಂಗವಿಲ್ಲ, ಒಂದು ಗುಂಡಿ ಇದೆ. ಹಳೆಯ ಕಲ್ಲಿನ ಮೆಟ್ಟಿಲು ಮುಚ್ಚಿದ್ದಾರೆ, ಪಕ್ಕದಲ್ಲಿ ಮರದ ಮೆಟ್ಟಿಲು ಕಟ್ಟಿದ್ದಾರೆ, ಹಿಡಿಕೆ ಇದೆ, ಆದರೆ ಕಡಿದು. ಅತ್ತೆ ಹತ್ತಲಿಲ್ಲ. ಕೆಳಗೆ ಮರದಡಿ ಕುಳಿತು ಎಳನೀರು ಕುಡಿದರು. ನಿಮ್ಮ ತಾಯಿಯವರ ಮಂಡಿ ಸರಿಯಿಲ್ಲದಿದ್ದರೆ ಒತ್ತಾಯ ಮಾಡಬೇಡಿ. ಮೇಲಿನಿಂದ ಕಾಣುವುದು ಸುತ್ತಲೂ ಕಾಡು, ದೂರದಲ್ಲಿ ಬೆಟ್ಟಗಳ ನೀಲಿ ಗೆರೆ. ಚೆಂದವೇ, ಆದರೆ ಅದಕ್ಕಾಗಿ ಮಂಡಿ ಕಳೆದುಕೊಳ್ಳುವಷ್ಟಲ್ಲ.

ಊಟದ ಕಥೆ ಚಿಕ್ಕದು. ಹತ್ತಿರದ ಹಳ್ಳಿಯಲ್ಲಿ ಒಳ್ಳೆಯ ಊಟ ಸಿಗುತ್ತದೆ, ಸಸ್ಯಾಹಾರಿಗಳಿಗಲ್ಲ. ಮಾಂಸ ಬೇಡ ಎಂದರೆ ಮಾಂಸ ಹಾಕುವುದಿಲ್ಲ, ಮೀನಿನ ಸಾರದ ಹನಿ ಹಾಕಿಯೇ ಹಾಕುತ್ತಾರೆ; ಅವರ ಲೆಕ್ಕದಲ್ಲಿ ಅದು ಉಪ್ಪಿನಂತೆ. ನಾವು ಚಪಾತಿ, ಚಟ್ನಿಪುಡಿ ಕಟ್ಟಿಕೊಂಡಿದ್ದೆವು. ದಾರಿಯಲ್ಲಿ 'ಕ್ರಲಾನ್' ಮಾರುತ್ತಾರೆ: ಬಿದಿರಿನ ಕೊಳವೆಯಲ್ಲಿ ಅಂಟಕ್ಕಿ, ತೆಂಗಿನ ಹಾಲು, ಕಾಳು ತುಂಬಿ ಕೆಂಡದಲ್ಲಿ ಬೇಯಿಸಿದ್ದು. ಸಿಪ್ಪೆಯಂತೆ ಬಿದಿರು ಸುಲಿದು ತಿನ್ನಬೇಕು. ಅತ್ತೆ ಎರಡು ತಿಂದರು.

ಬೆಂಗ್ ಮಿಯಾಲಿಯಾ ಇದಕ್ಕೆ ಪೂರಾ ಬೇರೆ. ಹನ್ನೆರಡನೆಯ ಶತಮಾನದ್ದು, ಹೆಚ್ಚು ಕಡಿಮೆ ಅಂಗ್ಕೋರ್ ವಾಟ್‌ನ ಕಾಲದ್ದು. 'ಬೆಂಗ್' ಎಂದರೆ ಕೊಳ, 'ಮಿಯಾಲಿಯಾ' ನಮ್ಮ ಮಾಲೆ. ಸುತ್ತ ಅಗಲವಾದ ಕಂದಕ, ಹೆಡೆಯೆತ್ತಿದ ನಾಗನ ಕಟಾಂಜನ, ಒಳಗೆ ಕಾಲಿಟ್ಟರೆ ಕುಸಿದ ಕಲ್ಲುಗಳ ರಾಶಿಯೋ ರಾಶಿ. ಬಹುಪಾಲು ಬಿದ್ದದ್ದನ್ನು ಬಿದ್ದಂತೆಯೇ ಬಿಟ್ಟಿದ್ದಾರೆ. ಆ ರಾಶಿಯ ಮೇಲೆ ಮರದ ಹಲಗೆಯ ದಾರಿ ಹಾಸಿರುವುದರಿಂದ ವಯಸ್ಸಾದವರಿಗೂ ನಡೆಯುವುದು ಕಷ್ಟವಲ್ಲ. ಸಮುದ್ರಮಥನ, ಸೀತೆಯ ಅಗ್ನಿಪ್ರವೇಶದ ಶಿಲ್ಪಗಳಿವೆ, ಹುಡುಕಬೇಕು. ಮಳೆಗಾಲದಲ್ಲಿ ಪಾಚಿ ಕಟ್ಟಿ ಹಸಿರಾಗಿ ಇನ್ನೂ ಚೆಂದ ಕಾಣುತ್ತದಂತೆ, ಜಾರುವುದೂ ಅಷ್ಟೇ. ನವೆಂಬರ್‌ನಿಂದ ಫೆಬ್ರುವರಿ ಒಳ್ಳೆಯದು, ಏಪ್ರಿಲ್ ಮಾತ್ರ ಬೇಡ.

ಹಣದ ಲೆಕ್ಕದಲ್ಲಿ ನೀವು ಗಮನಿಸದ ಒಂದು ವಿಷಯವಿದೆ. ಬೆಂಗ್ ಮಿಯಾಲಿಯಾ ಈಗ ಅಂಗ್ಕೋರ್ ಪಾಸ್‌ನೊಳಗೆ ಬರುತ್ತದೆ, ಹಾಗಾಗಿ ಅಲ್ಲಿಗೆ ಹೋದರೆ ಪಾಸ್‌ನ ಒಂದು ದಿನ ಖರ್ಚಾಗುತ್ತದೆ. ಮೂರು ದಿನದ ಪಾಸ್‌ನಲ್ಲಿ ನಿಮ್ಮ ನಾಲ್ಕು ದಿನ ಹಿಡಿಯುವುದಿಲ್ಲ. ನಾವು ಹೋದಾಗ ಮೂರು ದಿನಕ್ಕೆ 62 ಡಾಲರ್, ಏಳು ದಿನಕ್ಕೆ 72. ಹತ್ತು ಡಾಲರ್ ಹೆಚ್ಚು ಕೊಟ್ಟು ಏಳರದ್ದನ್ನೇ ತೆಗೆದುಕೊಳ್ಳಿ. ಕೋಹ್ ಕೇರ್‌ಗೆ ಬೇರೆ ಟಿಕೆಟ್, ನಮಗೆ ತಲೆಗೆ 15 ಡಾಲರ್ ಆಯಿತು. ಕಾರು, ಗೈಡ್ ಸೇರಿ ಮೂವರಿಗೆ 135 ಕೊಟ್ಟೆವು. ಹರಿದ, ಮಾಸಿದ ಡಾಲರ್ ನೋಟನ್ನು ಯಾರೂ ಮುಟ್ಟುವುದಿಲ್ಲ, ಹೊಸವನ್ನೇ ಒಯ್ಯಿರಿ.

ಗೈಡ್‌ನನ್ನು ಗೊತ್ತು ಮಾಡುವ ಮೊದಲು ಒಂದೇ ಪ್ರಶ್ನೆ ಕೇಳಿ: ಪ್ರಾಸಾತ್ ಚೆನ್‌ಗೆ ಕರೆದುಕೊಂಡು ಹೋಗುತ್ತೀರಾ? "ಅಲ್ಲಿ ಏನೂ ಇಲ್ಲ ಸಾರ್" ಎಂದವರನ್ನು ಬಿಡಿ.

ಯಾರಾದರೂ ಅದೇ ದಿನ ಪ್ರೇಹ್ ವಿಹಾರ್ ಕೂಡ ತೋರಿಸುತ್ತೇವೆ ಎಂದರೆ ಒಪ್ಪಬೇಡಿ. ಬೆಟ್ಟದಂಚಿನ ಅದ್ಭುತ ಶಿವಾಲಯ ನಿಜ, ಆದರೆ ಅದು ಥಾಯ್ಲೆಂಡ್ ಗಡಿಯ ಮೇಲೇ ಇದೆ. ಅಂತರರಾಷ್ಟ್ರೀಯ ನ್ಯಾಯಾಲಯ 1962ರಲ್ಲೇ ಅದು ಕಾಂಬೋಡಿಯಾದ್ದು ಎಂದಿತು, ಜಗಳ ಮುಗಿಯಲಿಲ್ಲ. 2025ರ ಜುಲೈನಲ್ಲಿ ಆ ಗಡಿಯುದ್ದಕ್ಕೂ ಗುಂಡು, ಫಿರಂಗಿಗಳೇ ಹಾರಿದವು. ಕೋಹ್ ಕೇರ್ ಕೂಡ ಅದೇ ಪ್ರಾಂತ್ಯದಲ್ಲಿದೆ, ಗಡಿಯಿಂದ ಒಳಗೆ. ಹೊರಡುವ ವಾರ ಸುದ್ದಿ ನೋಡಿಕೊಂಡೇ ಕಾರು ಗೊತ್ತು ಮಾಡಿ.

ವಾಪಸು ಬರುವಾಗ ರಾಜಧಾನಿ ಫ್ನಾಮ್ ಪೆನ್ ಮೂಲಕ ಬರುವುದಾದರೆ ಅಲ್ಲಿನ ರಾಷ್ಟ್ರೀಯ ಮ್ಯೂಸಿಯಂಗೆ ಅರ್ಧ ದಿನ ಇಟ್ಟುಕೊಳ್ಳಿ. ಹಿಂದಿರುಗಿ ಬಂದ ಭೀಮ, ದುರ್ಯೋಧನ ಅಲ್ಲಿದ್ದಾರೆ. ಪ್ರಾಸಾತ್ ಚೆನ್‌ನ ವಾಲಿ ಸುಗ್ರೀವರೂ ಅಲ್ಲೇ, ಒಬ್ಬರನ್ನೊಬ್ಬರು ಬಿಗಿದು ಹಿಡಿದ ಕುಸ್ತಿಯಲ್ಲಿ. ಎಲ್ಲರೂ ಮೂರ್ತಿಗಳ ಮುಖ ನೋಡುತ್ತಿದ್ದರೆ ನಮ್ಮ ಅತ್ತೆ ಬಗ್ಗಿ ಕಣಕಾಲು ನೋಡುತ್ತಿದ್ದರು. ಕಾವಲಿನ ಹೆಂಗಸು ಬಂದು, ಏನು ಬಿದ್ದಿತು ಎಂದು ಕೈಸನ್ನೆಯಲ್ಲೇ ಕೇಳಿದಳು.