ಡಾಲರ್ ಏರಿದರೂ ಲಾಭ ಯಾಕೆ ಕುಗ್ಗಲಿಲ್ಲ?

ಬಹುಶಃ ಫಾರ್ವರ್ಡ್ ಕಾಂಟ್ರಾಕ್ಟ್ ಕಾರಣ, ಅಂದ್ರೆ ಮುಂದೆ ಕೊಳ್ಳುವ ಡಾಲರ್‌ಗೆ ಇವತ್ತೇ ದರ ಗೊತ್ತು ಮಾಡುವ ಒಪ್ಪಂದ. ನೀವು ಹೇಳಿದ ಕಂಪನಿ ಡಾಲರ್‌ನಲ್ಲಿ ಸರಕು ಕೊಂಡು ಯೂರೋದಲ್ಲಿ ಮಾರುತ್ತದೆ, ಆದರೂ ಡಾಲರ್ ಏರಿದ ವರ್ಷ ಅದರ ಲಾಭ ಕುಗ್ಗಿಲ್ಲ ಅಂದ್ರೆ, ಮುಂದಿನ ತಿಂಗಳುಗಳಿಗೆ ಬೇಕಾದ ಡಾಲರ್‌ನ ದರವನ್ನು ಮೊದಲೇ ಗೊತ್ತು ಮಾಡಿಕೊಂಡಿರಬೇಕು. ದರ ಮತ್ತೆ ಇಳಿಯದಿದ್ದರೆ ಹೊಡೆತ ತಪ್ಪುವುದಿಲ್ಲ, ತಡವಾಗಿ ಬರುತ್ತದೆ ಅಷ್ಟೇ.

ಮೊದಲು ವಾರ್ಷಿಕ ವರದಿಯ ಟಿಪ್ಪಣಿಗಳಲ್ಲಿ ಡೆರಿವೇಟಿವ್‌ಗಳ (ಇಂಥ ಒಪ್ಪಂದಗಳ) ಭಾಗ ನೋಡಿ. ಕಾಂಟ್ರಾಕ್ಟ್‌ಗಳ ಒಟ್ಟು ಮೊತ್ತ, ಮುಗಿಯುವ ಅವಧಿ, ಸರಾಸರಿ ದರ ಬರೆದುಕೊಳ್ಳಿ. ಆಮೇಲೆ ಹೆಡ್ಜ್ (ದರದ ಏರಿಳಿತದಿಂದ ರಕ್ಷಣೆ) ರಿಸರ್ವ್ ನೋಡಿ. ಐಎಫ್‌ಆರ್‌ಎಸ್ 9 ಎಂಬ ಅಂತರರಾಷ್ಟ್ರೀಯ ಲೆಕ್ಕಪತ್ರ ಮಾನದಂಡದ ಪ್ರಕಾರ ಹೆಡ್ಜ್ ಲೆಕ್ಕ ಇಡುವವರು ಕಾಂಟ್ರಾಕ್ಟ್‌ನ ಲಾಭ-ನಷ್ಟವನ್ನು ಮೊದಲು ಅಲ್ಲಿ ಕೂಡಿಡುತ್ತಾರೆ, ಸರಕು ಬಂದಾಗ ಅದರ ಬೆಲೆಗೆ ಸೇರಿಸುತ್ತಾರೆ, ಆ ಸರಕು ಮಾರಾಟವಾದಾಗಲೇ ಅದು ಲಾಭದ ಲೆಕ್ಕದಲ್ಲಿ ಕಾಣೋದು. ಅದಕ್ಕೇ ಖರೀದಿಯ ಮೊತ್ತವನ್ನು ಸುಮ್ನೆ ಅವತ್ತಿನ ಡಾಲರ್ ದರ ಹಿಡಿದು ಗುಣಿಸಬೇಡಿ. ನಾನೂ ಒಮ್ಮೆ ಹಾಗೇ ಮಾಡಿ ಅರ್ಧ ದಿನ ತಲೆ ಕೆಡಿಸಿಕೊಂಡಿದ್ದೆ.

ಸರಕು ಸಾಗಿಸುವ ಇಂಧನದ ಖರ್ಚನ್ನು ಬೇರೆಯಾಗಿ ನೋಡಿ. ಸ್ವಂತ ಲಾರಿಗಳಿದ್ದರೆ ಡೀಸೆಲ್ ಸ್ವಾಪ್ ಇರಬಹುದು, ಅಂದ್ರೆ ಡೀಸೆಲ್‌ಗೆ ಒಂದು ದರ ಗೊತ್ತು ಮಾಡಿ ಬ್ಯಾಂಕ್ ಜೊತೆ ಮಾಡಿಕೊಂಡ ಒಪ್ಪಂದ. ದರ ಅದಕ್ಕಿಂತ ಏರಿದರೆ ವ್ಯತ್ಯಾಸವನ್ನು ಬ್ಯಾಂಕ್ ಕೊಡುತ್ತದೆ, ಇಳಿದರೆ ಕಂಪನಿ ಕೊಡಬೇಕು. ಸಾಗಣೆ ಹೊರಗಿನವರ ಕೈಲಿದ್ದರೆ ಟಿಪ್ಪಣಿಯಲ್ಲಿ ಏನೂ ಸಿಗದೇ ಹೋಗಬಹುದು, ಇಂಧನದ ಖರ್ಚು ಸರ್‌ಚಾರ್ಜ್ ಆಗಿ ಸಾಗಣೆ ಖರ್ಚಿನೊಳಗೇ ಸೇರಿರುತ್ತದೆ.

ಇಷ್ಟಾದ ಮೇಲೆ, ಕಾಂಟ್ರಾಕ್ಟ್ ಮುಗಿದ ನಂತರದ ಖರೀದಿಗೆ ಈಗಿನ ದರ ಹಾಕಿ ನೋಡಿ, ಹೊಡೆತ ಯಾವಾಗ, ಎಷ್ಟು ಅಂತ ಅಂದಾಜು ಸಿಗುತ್ತದೆ.