1927ರ ಜರ್ಮನ್ ಮೂಕಿ ಚಿತ್ರ 'ಮೆಟ್ರೊಪೊಲಿಸ್' ಬರೆದ ಲೇಖಕಿ ತೆಯಾ ಫಾನ್ ಹಾರ್ಬೌ ತಾವೇ ಯಾಕೆ ನಿರ್ದೇಶನ ಮಾಡಲಿಲ್ಲ?

ಮಾಡಿದ್ದಾರೆ. 1934ರಲ್ಲಿ ಎರಡು ಚಿತ್ರ: 'ಎಲಿಜಬೆತ್ ಉಂಡ್ ಡೆರ್ ನಾರ್', ಆಮೇಲೆ ಜರ್ಮನ್ ನಾಟಕಕಾರ ಹಾಪ್ಟ್‌ಮನ್ ಅವರ ನಾಟಕದಿಂದ ತೆಗೆದ 'ಹಾನೆಲೆಸ್ ಹಿಮ್ಮೆಲ್‌ಫಾರ್ಟ್'. ಅಷ್ಟಕ್ಕೇ ಬಿಟ್ಟು ಮತ್ತೆ ಬರವಣಿಗೆಗೆ ಮರಳಿದರು. ನನ್ನ ಪ್ರಕಾರ ಅವರ ನಿಜವಾದ ಶಕ್ತಿ ಇದ್ದದ್ದೂ ಅಲ್ಲೇ.

'ಮೆಟ್ರೊಪೊಲಿಸ್' ನಿರ್ದೇಶಿಸಿದ ಫ್ರಿಟ್ಸ್ ಲಾಂಗ್ 1921ರಿಂದ 1933ರವರೆಗೆ ಜರ್ಮನಿಯಲ್ಲಿ ತೆಗೆದ ಚಿತ್ರಗಳ ಕಥೆಯಲ್ಲೆಲ್ಲ ತೆಯಾ ಕೈ ಇದೆ. 1922ರಲ್ಲಿ ಇಬ್ಬರೂ ಮದುವೆಯಾದರು. ಆದರೂ ಹೊಗಳಿಕೆಯೆಲ್ಲ ಲಾಂಗ್‌ಗೇ ಹೋಗುತ್ತದೆ. ಇದು ನನಗೆ ತುಂಬಾ ಬೇಜಾರಿನ ವಿಷಯ.

1931ರ 'ಎಂ' ಚಿತ್ರ ನೋಡಿ. ಪುಟ್ಟ ಹುಡುಗಿಯ ಕೊಲೆ ತೆರೆಯ ಮೇಲೆ ಕಾಣುವುದೇ ಇಲ್ಲ. ಅಮ್ಮ ಮಗಳ ಹೆಸರು ಹಿಡಿದು ಕೂಗುತ್ತಾಳೆ. ಖಾಲಿ ಮೆಟ್ಟಿಲು. ಊಟದ ಮೇಜಿನ ಮೇಲೆ ಖಾಲಿ ತಟ್ಟೆ. ಪೊದೆಯಿಂದ ಉರುಳಿ ಬರುವ ಚೆಂಡು. ತಂತಿಗೆ ಸಿಕ್ಕಿಕೊಂಡ ಬಲೂನು. ಮೊದಲ ಸಲ ನೋಡಿದಾಗ ನಾನು ವಿಡಿಯೊ ನಿಲ್ಲಿಸಿ ಸುಮ್ನೆ ಕೂತುಬಿಟ್ಟಿದ್ದೆ. ಹೀಗೆ ಹೇಳದೆ ಹೇಳುವುದು ಬರವಣಿಗೆಯ ಕೆಲಸವೂ ಹೌದು, ಅಲ್ವಾ?

ನಮ್ಮ ಕಡೆಯ ನಂಟೂ ಇದೆ. ಭಾರತವನ್ನು ಕಾಣದೆಯೇ 1918ರಲ್ಲಿ ಅವರು 'ದಾಸ್ ಇಂಡಿಷೆ ಗ್ರಾಬ್‌ಮಾಲ್' ಎಂಬ ಕಾದಂಬರಿ ಬರೆದರು. ಹೆಸರಿನ ಅರ್ಥ 'ಭಾರತದ ಗೋರಿ'. ಅದು 1921ರಲ್ಲಿ ಚಿತ್ರವಾಯಿತು, 1959ರಲ್ಲಿ ಲಾಂಗ್ ಅದನ್ನೇ ಮತ್ತೆ ತೆಗೆದರು. 1933ರಲ್ಲಿ ಲಾಂಗ್‌ರಿಂದ ಬೇರೆಯಾದ ತೆಯಾ, ಬೆಳಗಾವಿ ಬಳಿಯ ಬೆಳಗುಂದಿಯಿಂದ ಜರ್ಮನಿಗೆ ಹೋಗಿದ್ದ ಪತ್ರಕರ್ತ ಆಯಿ ತೆಂಡೂಲ್ಕರ್ ಅವರನ್ನು ಗುಟ್ಟಾಗಿ ಮದುವೆಯಾದರು. ತೆಂಡೂಲ್ಕರ್ ತೆಯಾಗಿಂತ ಹದಿನೈದು ವರ್ಷಕ್ಕೂ ಜಾಸ್ತಿ ಚಿಕ್ಕವರು. ಎರಡನೇ ಮಹಾಯುದ್ಧಕ್ಕೆ ಮುಂಚೆ ತೆಂಡೂಲ್ಕರ್ ಊರಿಗೆ ಮರಳಿದರು. ತೆಯಾ ಬರ್ಲಿನ್‌ನಲ್ಲೇ ಉಳಿದರು.

ಒಂದನ್ನು ಮಾತ್ರ ಮುಚ್ಚಿಡಬಾರದು. ಅವರು ನಾಜಿ ಪಕ್ಷ ಸೇರಿದ್ದರು, ಆ ಆಡಳಿತದ ಉದ್ದಕ್ಕೂ ಚಿತ್ರಗಳಿಗೆ ಬರೆಯುತ್ತಲೇ ಇದ್ದರು. ಲಾಂಗ್ ದೇಶ ಬಿಟ್ಟರು, ಇವರು ಬಿಡಲಿಲ್ಲ. 'ಎಂ' ಬರೆದ ಕೈ ಹೇಗೆ ಆ ದಾರಿ ಹಿಡಿಯಿತು ಅಂತ ನನಗೆ ಇವತ್ತಿಗೂ ನೋವಾಗುತ್ತದೆ. ಪ್ರತಿಭೆ ದೊಡ್ಡದು ಅಂತ ಆ ತಪ್ಪು ಚಿಕ್ಕದಾಗುವುದಿಲ್ಲ.

ಯುದ್ಧ ಮುಗಿದ ಮೇಲೆ ಬ್ರಿಟಿಷರು ಅವರನ್ನು ಸೆರೆಯಲ್ಲಿಟ್ಟರು. ಬಿಡುಗಡೆಯಾಗಿ ಬಂದು ಬರ್ಲಿನ್‌ನಲ್ಲಿ ಬಾಂಬಿಗೆ ಬಿದ್ದ ಕಟ್ಟಡಗಳ ಇಟ್ಟಿಗೆ, ಕಲ್ಲು ಎತ್ತಿದರು. 1954ರ ಬೇಸಿಗೆಯಲ್ಲಿ ಅಲ್ಲೇ, ಲಾಂಗ್ ಜೊತೆ ಬರೆದಿದ್ದ 1921ರ ಮೂಕಿ ಚಿತ್ರ 'ಡೆರ್ ಮ್ಯೂಡೆ ಟೋಡ್' ಪ್ರದರ್ಶನಕ್ಕೆ ಅತಿಥಿಯಾಗಿ ಹೋದರು. ಹೊರಬರುವಾಗ ಬಿದ್ದರು. ಕೆಲವೇ ದಿನಗಳಲ್ಲಿ, ಜುಲೈ 1ರಂದು ತೀರಿಕೊಂಡರು.