ಓದುಗರ ಪ್ರಶ್ನೆ: ಕೌನ್ಸಿಲ್ ಬಡಾವಣೆಗೆ ಬಡತನ ಬಂದದ್ದು ಹೇಗೆ?

ಪ್ರಶ್ನೆ: ಲಂಡನ್ನಿನ ಕೌನ್ಸಿಲ್‌ಗಳು, ಅಂದರೆ ಸ್ಥಳೀಯ ಆಡಳಿತಗಳು, ಕಟ್ಟಿಸಿ ಬಾಡಿಗೆಗೆ ಕೊಡುವ ವಸತಿ ಬಡಾವಣೆಗಳೆಂದರೆ ಬಡತನ, ನಿರುದ್ಯೋಗಗಳ ನೆಲೆಯೆಂದೇ ಓದುತ್ತ ಬಂದಿದ್ದೇನೆ. ಅವುಗಳನ್ನು ಕಟ್ಟಿದ್ದೇ ಕಡುಬಡವರಿಗಾಗಿಯೇ? ಯಾವುದಾದರೊಂದು ಬಡಾವಣೆಯ ಉದಾಹರಣೆ ಕೊಟ್ಟು ವಿವರಿಸುವಿರಾ?

ಉತ್ತರ: ಇಲ್ಲ, ಇಂದು ಪೂರ್ವ ಲಂಡನ್ನಿಗೆ ಸೇರಿರುವ ಬೆಕಂಟ್ರೀ ಬಡಾವಣೆಯ ಚರಿತ್ರೆ ಬೇರೆಯದನ್ನೇ ಹೇಳುತ್ತದೆ. ಮೊದಲ ಮಹಾಯುದ್ಧದಿಂದ ಮರಳಿದ ಸೈನಿಕರಿಗೆ ಯೋಗ್ಯ ಮನೆಗಳನ್ನು ಒದಗಿಸುವುದಾಗಿ ಪ್ರಧಾನಿ ಲಾಯ್ಡ್ ಜಾರ್ಜ್ ಅವರ ಸರ್ಕಾರ ಮಾತು ಕೊಟ್ಟಿತ್ತು. ಅದರಂತೆ 1919ರ ವಸತಿ ಕಾಯ್ದೆಯು ಮನೆ ಕಟ್ಟಿಸುವ ಹೊಣೆಯನ್ನು ಸ್ಥಳೀಯ ಆಡಳಿತಗಳಿಗೆ ವಹಿಸಿ, ಅದಕ್ಕೆ ಸರ್ಕಾರದ ಸಹಾಯಧನವನ್ನೂ ಗೊತ್ತುಮಾಡಿತು. ಲಂಡನ್ನಿನ ಆಗಿನ ಆಡಳಿತವಾದ ಲಂಡನ್ ಕೌಂಟಿ ಕೌನ್ಸಿಲ್ ತನ್ನ ಗಡಿಯಾಚೆ, ಪಕ್ಕದ ಜಿಲ್ಲೆ ಎಸೆಕ್ಸ್‌ನ ಹೊಲ-ತೋಟಗಳಿದ್ದ ಜಾಗದಲ್ಲಿ 1921ರಿಂದ 1935ರವರೆಗೆ ಸುಮಾರು 26,000 ಮನೆಗಳ ಬೆಕಂಟ್ರೀಯನ್ನು ಕಟ್ಟಿಸಿತು. ಸಾಮಗ್ರಿ ಸಾಗಿಸಲೆಂದೇ ಥೇಮ್ಸ್ ದಡದಿಂದ ಪ್ರತ್ಯೇಕ ರೈಲುಹಳಿ ಹಾಕಲಾಗಿತ್ತು. ನಿವಾಸಿಗಳ ಸಂಖ್ಯೆ 1930ರ ದಶಕದಲ್ಲಿ ಒಂದು ಲಕ್ಷ ಮುಟ್ಟಿತು.

ಲಂಡನ್ನಿನ ಹಳೆಯ ಬಡ ಕಾರ್ಮಿಕರ ಪ್ರದೇಶವಾದ ಈಸ್ಟ್ ಎಂಡ್‌ನ ಕಿರಿದಾದ ಕೋಣೆಗಳಲ್ಲಿ, ಹಲವು ಮನೆಯವರಿಗೆ ಒಂದೇ ನಲ್ಲಿ, ಒಂದೇ ಶೌಚಾಲಯವೆಂಬಂತೆ ಬದುಕಿದ್ದ ಕುಟುಂಬಗಳಿಗೆ ಇಲ್ಲಿ ತಮ್ಮದೇ ಶೌಚಾಲಯ, ಅನಿಲ ಸಂಪರ್ಕ, ಹಿಂದೆ ಮುಂದೆ ಕೈತೋಟ ಸಿಕ್ಕವು. ಆದರೆ ಈ ಮನೆಗಳ ಬಾಡಿಗೆ ಹೆಚ್ಚಿತ್ತು. ಅದನ್ನು ವಾರವಾರ ತಪ್ಪದೆ ಕಟ್ಟಬಲ್ಲ, ನಿಶ್ಚಿತ ಸಂಬಳದ ನುರಿತ ಕೆಲಸಗಾರರಿಗೇ ಆದ್ಯತೆ. ಮುಂದಿನ ತೋಟ ಅಚ್ಚುಕಟ್ಟಾಗಿರಬೇಕು, ಕಿಟಕಿಗಳ ಗಾಜು ಒರೆಸಿರಬೇಕು ಎಂದು ಬಾಡಿಗೆದಾರರ ಕೈಪಿಡಿಯಲ್ಲೇ ನಿಯಮಗಳಿದ್ದವು. ಹತ್ತಿರದಲ್ಲಿ ಕೆಲಸವಿರಲಿಲ್ಲ, ಶಾಲೆಗಳೂ ಅಂಗಡಿಗಳೂ ಮನೆಗಳ ವೇಗಕ್ಕೆ ಸರಿಯಾಗಿ ಏಳಲಿಲ್ಲ. ಬಾಡಿಗೆಯ ಮೇಲೆ ರೈಲು ದರವನ್ನೂ ಭರಿಸಲಾಗದೆ ಹಳೆಯ ಕೇರಿಗಳಿಗೆ ಮರಳಿದವರೂ ಇದ್ದರು. ಕಡುಬಡವರಿಗೆ ಈ ಬಡಾವಣೆಯ ಬಾಗಿಲು ಆರಂಭದಲ್ಲಿ ಹೆಚ್ಚುಕಡಿಮೆ ಮುಚ್ಚಿಯೇ ಇತ್ತೆಂಬುದನ್ನು ನಾವು ಮರೆಯಬಾರದು.

1931ರಲ್ಲಿ ಬಡಾವಣೆಗೆ ಹತ್ತಿರದ ಡ್ಯಾಗನಮ್‌ನಲ್ಲಿ ಫೋರ್ಡ್ ಕಾರು ಕಾರ್ಖಾನೆ ತೆರೆದ ಮೇಲೆ ದುಡಿಮೆಯೂ ಸಮೀಪಕ್ಕೆ ಬಂತು. 

ಪ್ರಶ್ನೆ: ಹಾಗಾದರೆ ಪರಿಸ್ಥಿತಿ ಕೆಟ್ಟದ್ದು ಯಾವಾಗ?

ಉತ್ತರ: ಎರಡು ಬದಲಾವಣೆಗಳು ಬೆನ್ನುಬೆನ್ನಿಗೆ ಬಂದವು. 1977ರ ಕಾಯ್ದೆ ಮನೆಯಿಲ್ಲದ ಕುಟುಂಬಗಳಿಗೆ ಆಸರೆ ಕೊಡುವ ಹೊಣೆಯನ್ನು ಕೌನ್ಸಿಲ್‌ಗಳ ಮೇಲೆ ಹೊರಿಸಿತು. ಇದು ನ್ಯಾಯವಾದದ್ದೇ. ಆದರೆ ಮೂರೇ ವರ್ಷಗಳಲ್ಲಿ, ಅಂದರೆ 1980ರಲ್ಲಿ, ಪ್ರಧಾನಿ ಮಾರ್ಗರೆಟ್ ಥ್ಯಾಚರ್ ಅವರ ಸರ್ಕಾರ ಬಾಡಿಗೆದಾರರಿಗೆ ತಾವಿದ್ದ ಮನೆಯನ್ನೇ ಕೊಳ್ಳುವ ಹಕ್ಕು ಕೊಟ್ಟಿತು. ಮೂರು ವರ್ಷ ವಾಸವಿದ್ದವರಿಗೆ ಶೇ 33, ದೀರ್ಘಕಾಲ ಇದ್ದವರಿಗೆ ಶೇ 50ರವರೆಗೆ ರಿಯಾಯಿತಿ. ಜೀವಮಾನವಿಡೀ ಬಾಡಿಗೆ ಕಟ್ಟಿದ ಕಾರ್ಮಿಕನೊಬ್ಬ ಮನೆಯ ಒಡೆಯನಾದದ್ದನ್ನು ನಾನು ತಪ್ಪೆನ್ನಲಾರೆ. ತಪ್ಪಾದದ್ದು, ಮಾರಾಟದ ಹಣದ ಬಹುಭಾಗವನ್ನು ಹೊಸ ಮನೆ ಕಟ್ಟಲು ಬಳಸದಂತೆ ಕೌನ್ಸಿಲ್‌ಗಳ ಕೈ ಕಟ್ಟಿದ್ದು. ಅನುಕೂಲವಿದ್ದವರು ಕೊಂಡರು, ಕೊಳ್ಳಲಾಗದವರು ಬಾಡಿಗೆದಾರರಾಗಿ ಉಳಿದರು, ಖಾಲಿಯಾದ ಅಷ್ಟಿಷ್ಟು ಮನೆಗಳು ತೀರ ಅಸಹಾಯಕರ ಪಾಲಾದವು. ಇತ್ತ ಫೋರ್ಡ್‌ನಲ್ಲಿ ಕೆಲಸಗಳು ಕರಗುತ್ತ ಹೋಗಿ, 2002ರಲ್ಲಿ ಅಲ್ಲಿ ಕಾರು ಜೋಡಣೆಯೇ ನಿಂತಿತು.

ಒಂದೇ ಅಳತೆಯ ಸಾಲುಮನೆಗಳ ನಡುವೆ ಕಲ್ಲಿನ ಹೊದಿಕೆ, ಬೇರೆ ಬಣ್ಣದ ಬಾಗಿಲು, ಹೊಸ ಮುಖಮಂಟಪ ಕಂಡರೆ ಅದು ಮಾರಾಟವಾದ ಮನೆಯೆಂದು ಬಹುಮಟ್ಟಿಗೆ ಊಹಿಸಬಹುದು. ಹೀಗೆ ಮಾರಿಹೋದ ಕೌನ್ಸಿಲ್ ಮನೆಗಳಲ್ಲಿ ಹಲವು ಕೈಬದಲಾಗಿ ಖಾಸಗಿ ಮಾಲೀಕರನ್ನು ಸೇರಿವೆ. ಕೌನ್ಸಿಲ್ ಮನೆ ಸಿಗದ ಕುಟುಂಬಗಳು ಅವುಗಳಲ್ಲೇ ದುಬಾರಿ ಬಾಡಿಗೆಗೆ ಇರುತ್ತವೆ, ಆ ಬಾಡಿಗೆಯ ಒಂದು ಭಾಗವನ್ನು ಎಷ್ಟೋ ಬಾರಿ ಸರ್ಕಾರವೇ ವಸತಿ ಭತ್ಯೆಯಾಗಿ ಕೊಡುತ್ತದೆ.